ಮೆಮೊರಿ ಕಾರ್ಡಿನ ಆಟ ಇನ್ನೊಂದು ಸ್ವಿಚ್‌ನಲ್ಲಿ ಏಕೆ ತೆರೆಯುವುದಿಲ್ಲ?

ಪ್ರಶ್ನೆ: ನನ್ನ ಸೋದರಮಾವ ದುಬೈನಿಂದ ಬರುವಾಗ ನನಗೊಂದು ನಿಂಟೆಂಡೊ ಸ್ವಿಚ್ ಎಂಬ ವಿಡಿಯೊ ಆಟದ ಯಂತ್ರ ತಂದುಕೊಟ್ಟಿದ್ದರು. ಒಳಗಿನ ಜಾಗ ಸಾಲದೆ 128 ಜಿಬಿ ಮೆಮೊರಿ ಕಾರ್ಡ್ ಹಾಕಿ, ದುಡ್ಡು ಕೊಟ್ಟು ಆರು ಆಟಗಳನ್ನು ಡೌನ್‌ಲೋಡ್ ಮಾಡಿಕೊಂಡಿದ್ದೇನೆ. ರಜೆಯಲ್ಲಿ ಸಿಂಧನೂರಿಗೆ ಹೋದಾಗ ಕಾರ್ಡನ್ನಷ್ಟೇ ಒಯ್ದು ಚಿಕ್ಕಪ್ಪನ ಮಗನ ಸ್ವಿಚ್‌ಗೆ ಹಾಕಿದರೆ ಒಂದು ಆಟವೂ ತೆರೆಯಲಿಲ್ಲ. ಕಾರ್ಡಿನಲ್ಲಿರುವುದನ್ನು ಅಳಿಸಬೇಕೆಂದು ಕೇಳಿತು. ಅಳಿಸಿದರೆ ತಿಂಗಳುಗಟ್ಟಲೆ ಆಡಿದ್ದೆಲ್ಲ ಹೋಗುತ್ತದೆಯೇ? ತನ್ನ ಹಳೆಯ ಪಿಎಸ್‌ಪಿ ಆಟದ ಯಂತ್ರದಲ್ಲಿ ಕಾರ್ಡಿನ ಜೊತೆಗೆ ಸೇವ್ (ಆಡಿದ ಹಂತದ ದಾಖಲೆ) ಕೂಡ ಬರುತ್ತಿತ್ತು ಎಂದು ಅವನು ವಾದಿಸುತ್ತಾನೆ. ನಾನು ಈಗ 256 ಜಿಬಿ ಕಾರ್ಡ್ ಕೊಳ್ಳಬೇಕೆಂದಿದ್ದೇನೆ, ಆದರೆ ಎಲ್ಲವನ್ನೂ ಮತ್ತೆ ಡೌನ್‌ಲೋಡ್ ಮಾಡುವಷ್ಟು ನೆಟ್ ನಮ್ಮ ಮನೆಯಲ್ಲಿಲ್ಲ. ಅಂಗಡಿಯವರೊಬ್ಬರು ‘ಕಾರ್ಡ್ ತುಂಬ ಆಟ ತುಂಬಿಸಿಕೊಡುತ್ತೇವೆ’ ಎನ್ನುತ್ತಿದ್ದಾರೆ. ಏನು ಮಾಡಲಿ?
— ಓದುಗರು, ಗಂಗಾವತಿ

ಉತ್ತರ: ಮೊದಲನೆಯದಾಗಿ, ಆ ‘ಅಳಿಸು’ ಎಂಬುದನ್ನು ಒತ್ತಬೇಡಿ. ಚಿಕ್ಕಪ್ಪನ ಮಗನ ಸ್ವಿಚ್ಚನ್ನು ಪೂರ್ತಿಯಾಗಿ ಆಫ್ ಮಾಡಿ, ಕಾರ್ಡನ್ನು ಹೊರತೆಗೆದು, ಮನೆಗೆ ಬಂದ ಮೇಲೆ ನಿಮ್ಮದೇ ಸ್ವಿಚ್‌ಗೆ ಹಾಕಿ. ಆರೂ ಆಟಗಳು ಮೊದಲಿನಂತೆಯೇ ತೆರೆದುಕೊಳ್ಳುತ್ತವೆ. ಈ ಉತ್ತರ ನಿಮ್ಮ ಕೈ ಸೇರುವಷ್ಟರಲ್ಲಿ ಅಳಿಸಿಬಿಟ್ಟಿದ್ದರೂ ಎದೆಗುಂದಬೇಕಾಗಿಲ್ಲ. ಹೋಗಿರುವುದು ಆಟದ ಫೈಲುಗಳು ಮಾತ್ರ. ಅವುಗಳನ್ನು ನಿಮ್ಮ ಖಾತೆಯಿಂದ ಮತ್ತೆ ಹಣ ಕೊಡದೆ ಇಳಿಸಿಕೊಳ್ಳಬಹುದು. ನೀವು ಆಡಿ ಗಳಿಸಿದ್ದು ಆ ಕಾರ್ಡಿನಲ್ಲಿ ಎಂದೂ ಇರಲಿಲ್ಲ.

ನಿಮ್ಮ ಗೊಂದಲದ ಮೂಲ ಇರುವುದು ಇಲ್ಲಿಯೇ. ನಾವು ಬಾಯಿಮಾತಿನಲ್ಲಿ ‘ಆಟ’ ಎಂದು ಒಂದೇ ಪದದಲ್ಲಿ ಹೇಳುವುದು ವಾಸ್ತವದಲ್ಲಿ ಮೂರು ಬೇರೆ ಬೇರೆ ವಸ್ತುಗಳು, ಮತ್ತು ಅವು ಮೂರು ಬೇರೆ ಬೇರೆ ಜಾಗಗಳಲ್ಲಿ ಇರುತ್ತವೆ. ನಿಮ್ಮದು ಭತ್ತದ ಊರಾದ್ದರಿಂದ ಹೀಗೆ ಹೇಳಬಹುದು: ಭತ್ತದ ಚೀಲಗಳು ಗೋದಾಮಿನಲ್ಲಿರುತ್ತವೆ, ಅದು ಯಾರದೆಂದು ಹೇಳುವ ರಸೀದಿ ಬೇರೊಂದು ಕಡೆ ಇರುತ್ತದೆ, ಈ ಹಂಗಾಮಿನ ಲೆಕ್ಕದ ಪುಸ್ತಕ ಮನೆಯ ಪೆಟ್ಟಿಗೆಯಲ್ಲಿರುತ್ತದೆ. ಸ್ವಿಚ್‌ನಲ್ಲಿ ಮೆಮೊರಿ ಕಾರ್ಡ್ ಎಂಬುದು ಗೋದಾಮು ಮಾತ್ರ, ಅಲ್ಲಿರುವುದು ಆಟದ ಫೈಲು. ಆ ಆಟವನ್ನು ಆಡುವ ಹಕ್ಕು ನಿಮ್ಮ ನಿಂಟೆಂಡೊ ಖಾತೆಗೆ ಸೇರಿದ್ದು. ನೀವು ಎಷ್ಟನೆಯ ಹಂತ ದಾಟಿದ್ದೀರಿ, ಏನೇನು ಗಳಿಸಿದ್ದೀರಿ ಎಂಬ ಲೆಕ್ಕ, ಅಂದರೆ ಸೇವ್, ಸ್ವಿಚ್‌ನ ಒಳಗಿನ ಮೆಮೊರಿಯಲ್ಲಿ ಮಾತ್ರ ಇರುತ್ತದೆ. ಕಾರ್ಡಿನಲ್ಲಿ ಎಷ್ಟೇ ಜಾಗ ಖಾಲಿ ಇದ್ದರೂ ಸೇವ್‌ಗಳನ್ನು ಅಲ್ಲಿಗೆ ಸಾಗಿಸಲು ಈ ಯಂತ್ರ ಬಿಡುವುದಿಲ್ಲ.

ಇನ್ನು, ಕಾರ್ಡಿನಲ್ಲಿ ಫೈಲು ಇದ್ದೂ ಸಿಂಧನೂರಿನ ಸ್ವಿಚ್ ಅದನ್ನು ಏಕೆ ಓದಲಿಲ್ಲ? ಆಟವನ್ನು ಕಾರ್ಡಿಗೆ ಬರೆಯುವಾಗ ಸ್ವಿಚ್ ಅದನ್ನು ತನ್ನದೇ ಒಂದು ಗುಪ್ತ ಕೀಲಿಯಿಂದ ಬೀಗ ಹಾಕಿ ಬರೆಯುತ್ತದೆ. ಆ ಕೀಲಿ ಒಂದೊಂದು ಯಂತ್ರಕ್ಕೂ ಬೇರೆ. ಆದ್ದರಿಂದ ನಿಮ್ಮ ಯಂತ್ರ ಬರೆದದ್ದು ಅದೇ ಕಂಪನಿಯ, ಅದೇ ಮಾದರಿಯ, ಅದೇ ದಿನ ಕೊಂಡ ಇನ್ನೊಂದು ಯಂತ್ರಕ್ಕೂ ಅರ್ಥವಾಗುವುದಿಲ್ಲ. ಇದರಿಂದ ಹುಟ್ಟುವ ಇನ್ನೊಂದು ಅಪಾಯವನ್ನು ಹಲವರು ತಡವಾಗಿ ಅರಿಯುತ್ತಾರೆ: ನಿಮ್ಮದೇ ಸ್ವಿಚ್ಚನ್ನು ಫ್ಯಾಕ್ಟರಿ ರೀಸೆಟ್ ಮಾಡಿದರೂ ಹಳೆಯ ಕೀಲಿ ಹೋಗುತ್ತದೆ, ಕಾರ್ಡಿನಲ್ಲಿರುವ ಆಟಗಳೂ ನಿರುಪಯುಕ್ತವಾಗುತ್ತವೆ. ಅದಕ್ಕಿಂತ ಹೆಚ್ಚಾಗಿ, ಒಳಗಿದ್ದ ಸೇವ್‌ಗಳೂ ಅದರೊಂದಿಗೇ ಹೋಗುತ್ತವೆ. ಯಂತ್ರ ಸ್ವಲ್ಪ ನಿಧಾನವಾಯಿತೆಂದು ರೀಸೆಟ್ ಮಾಡಿಸಲು ಹೊರಡುವವರಿಗೆ ಇದನ್ನು ಹೇಳಿ.

ಚಿಕ್ಕಪ್ಪನ ಮಗ ಸುಳ್ಳು ಹೇಳುತ್ತಿಲ್ಲ. 2004ರ ಕೊನೆಯಲ್ಲಿ ಜಪಾನಿನಲ್ಲಿ ಬಿಡುಗಡೆಯಾದ ಸೋನಿಯ ಪಿಎಸ್‌ಪಿಯಲ್ಲಿ ಮೆಮೊರಿ ಸ್ಟಿಕ್ಕನ್ನು ಕಂಪ್ಯೂಟರಿಗೆ ಹಾಕಿದರೆ ‘ಪಿಎಸ್‌ಪಿ’ ಎಂಬ ಫೋಲ್ಡರ್ ಕಾಣುತ್ತಿತ್ತು. ಅದರೊಳಗೆ ‘ಗೇಮ್’ ಎಂಬಲ್ಲಿ ಆಟಗಳು, ‘ಸೇವ್‌ಡೇಟಾ’ ಎಂಬಲ್ಲಿ ಸೇವ್‌ಗಳು ಇರುತ್ತಿದ್ದವು. ಸೇವ್ ಇದ್ದದ್ದೇ ಸ್ಟಿಕ್ಕಿನಲ್ಲಾದ್ದರಿಂದ ಸ್ಟಿಕ್ ಹೋದಲ್ಲಿಗೆ ಅದೂ ಹೋಗುತ್ತಿತ್ತು. ನಿಂಟೆಂಡೊದವರೇ 2011ರಲ್ಲಿ ತಂದ 3ಡಿಎಸ್ ಎಂಬ ಯಂತ್ರದಲ್ಲಿ ಕೂಡ, ಡೌನ್‌ಲೋಡ್ ಮಾಡಿದ ಆಟಗಳ ಸೇವ್ ಕಾರ್ಡಿನಲ್ಲಿಯೇ ಕೂರುತ್ತಿತ್ತು. ಆದರೆ ಅಲ್ಲಿ ಬೀಗ ಇದ್ದುದರಿಂದ ಇನ್ನೊಂದು 3ಡಿಎಸ್‌ಗೆ ಹಾಕಿದರೆ ಪ್ರಯೋಜನವಿರಲಿಲ್ಲ. ಇದಕ್ಕೆ ವಿರುದ್ಧ ತುದಿಯಲ್ಲಿ 2022ರ ಸ್ಟೀಮ್ ಡೆಕ್ ಎಂಬ ಆಟದ ಯಂತ್ರ ಇದೆ: ಒಂದು ಡೆಕ್‌ನ ಕಾರ್ಡನ್ನು ಇನ್ನೊಂದಕ್ಕೆ ಹಾಕಿ, ಆ ಆಟ ಇರುವ ಖಾತೆಯಿಂದ ಒಳಹೊಕ್ಕರೆ ಸಾಕು, ಆಡಬಹುದು. ಹೀಗೆ ಒಂದೊಂದು ಕಂಪನಿ ಒಂದೊಂದು ರೀತಿಯಲ್ಲಿ ಕಟ್ಟುಹಾಕಿದೆ. ಒಂದರ ಅನುಭವವನ್ನು ಇನ್ನೊಂದಕ್ಕೆ ಅನ್ವಯಿಸಿದಾಗಲೇ ಇಂಥ ಜಗಳಗಳು ಹುಟ್ಟುತ್ತವೆ. ಸ್ವಿಚ್‌ನವರು ಸೇವನ್ನು ಒಳಗೇ ಇಟ್ಟದ್ದು, ನನ್ನ ಅಭಿಪ್ರಾಯದಲ್ಲಿ, ಮಕ್ಕಳ ಕೈಯಲ್ಲಿ ಕಾರ್ಡ್ ಕಳೆದುಹೋಗುವುದನ್ನು ನೆನೆದರೆ ಅಷ್ಟೇನೂ ಕೆಟ್ಟ ತೀರ್ಮಾನವಲ್ಲ. ಆದರೆ ಯಂತ್ರವೇ ಕೆಟ್ಟರೆ ಗತಿಯೇನು ಎಂಬುದಕ್ಕೆ ಹಣ ಕೊಡದೆ ಪಡೆಯುವ ಉತ್ತರವನ್ನು ಅವರು ಕೊಟ್ಟಿಲ್ಲ ಎಂಬ ಅಸಮಾಧಾನ ನನಗಿದೆ.

ಸಿಂಧನೂರಿನಲ್ಲಿ ನಿಮ್ಮ ಆಟವನ್ನೇ ಆಡಬೇಕೆಂದರೆ ಸುಲಭದ ದಾರಿ ನಿಮ್ಮ ಸ್ವಿಚ್ಚನ್ನೇ ಒಯ್ಯುವುದು. ಅದು ಬೇಡವೆಂದರೆ ಖಾತೆಯ ಮೂಲಕ ಹೋಗಬೇಕು. 2025ರ ಏಪ್ರಿಲ್ ಕೊನೆಯ ಸಿಸ್ಟಮ್ ಅಪ್‌ಡೇಟ್‌ನಿಂದ ಡೌನ್‌ಲೋಡ್ ಮಾಡಿಕೊಂಡ ಪ್ರತಿ ಆಟವೂ ‘ವರ್ಚುವಲ್ ಗೇಮ್ ಕಾರ್ಡ್’ ಎಂಬ ಹೆಸರಿನಲ್ಲಿ ಕಾಣುತ್ತದೆ. ಅದನ್ನು ಒಂದು ಯಂತ್ರದಿಂದ ತೆಗೆದು ಇನ್ನೊಂದಕ್ಕೆ ಹಾಕಬಹುದು. ಎರಡು ಯಂತ್ರಗಳನ್ನು ಮೊದಲ ಸಲ ಜೋಡಿಸುವಾಗ ಎರಡೂ ಒಂದೇ ಕೋಣೆಯಲ್ಲಿ ಇರಬೇಕು, ಮತ್ತು ಆಟ ಒಂದರಲ್ಲಿ ಇದ್ದಾಗ ಇನ್ನೊಂದರಲ್ಲಿ ಇರುವುದಿಲ್ಲ. ನಿಂಟೆಂಡೊ ಖಾತೆಗಳಲ್ಲಿ ಒಂದೇ ಕುಟುಂಬ ಗುಂಪಿಗೆ ಸೇರಿಕೊಂಡವರಿಗೆ 14 ದಿನಗಳ ಮಟ್ಟಿಗೆ ಆಟವನ್ನು ಎರವಲು ಕೊಡುವ ಅವಕಾಶವೂ ಇದೆ. ಆದರೆ ಈ ಎರಡು ದಾರಿಗಳಲ್ಲಿಯೂ ಆಟದ ಫೈಲನ್ನು ಅಲ್ಲಿ ಹೊಸದಾಗಿ ಡೌನ್‌ಲೋಡ್ ಮಾಡಲೇಬೇಕು, ನಿಮ್ಮ ಕಾರ್ಡಿನಲ್ಲಿರುವುದು ಅಲ್ಲಿ ಕೆಲಸಕ್ಕೆ ಬಾರದು. ಸೇವ್ ಬೇಕೆಂದರೆ, ನಿಮ್ಮ ಖಾತೆ ಎರಡೂ ಯಂತ್ರಗಳಲ್ಲಿ ಇರುವಾಗ ಸಿಸ್ಟಮ್ ಸೆಟ್ಟಿಂಗ್ಸ್‌ನ ಡೇಟಾ ಮ್ಯಾನೇಜ್‌ಮೆಂಟ್‌ನಲ್ಲಿರುವ ಸೇವ್ ಡೇಟಾ ವರ್ಗಾವಣೆಯನ್ನು ಬಳಸಿ ಕಳುಹಿಸಬಹುದು. ಇದು ನಕಲು ಅಲ್ಲ, ಸಾಗಣೆ: ಕಳುಹಿಸಿದ ಮೇಲೆ ನಿಮ್ಮ ಯಂತ್ರದಲ್ಲಿ ಆ ಸೇವ್ ಉಳಿಯುವುದಿಲ್ಲ, ಹಿಂತಿರುಗುವಾಗ ಮರೆಯದೆ ವಾಪಸ್ ತರಬೇಕು. ಹಣ ಕೊಟ್ಟು ಪಡೆಯುವ ಸ್ವಿಚ್ ಆನ್‌ಲೈನ್ ಸದಸ್ಯತ್ವ ಇದ್ದರೆ ಬಹುತೇಕ ಆಟಗಳ ಸೇವ್‌ಗಳ ಒಂದು ಪ್ರತಿ ಕಂಪನಿಯ ಸರ್ವರಿನಲ್ಲಿ ಇರುತ್ತದೆ. ಕೆಲವು ಆಟಗಳಿಗೆ ಈ ಸೌಲಭ್ಯವಿಲ್ಲದ ಕಾರಣ, ನಿಮ್ಮ ಆರು ಆಟಗಳಲ್ಲಿ ಯಾವುದಕ್ಕೆ ಇದೆ ಎಂದು ಮೊದಲೇ ನೋಡಿಕೊಳ್ಳಿ. ಸದಸ್ಯತ್ವ ಮುಗಿದ ಮೇಲೆ 180 ದಿನಗಳೊಳಗೆ ಮತ್ತೆ ಸೇರಿಕೊಂಡರೆ ಆ ಪ್ರತಿ ಸಿಗುತ್ತದೆ.

ಈಗ ದೊಡ್ಡ ಕಾರ್ಡಿನ ವಿಷಯ. ನಿಮ್ಮ ಚಿಂತೆ ನ್ಯಾಯವಾದದ್ದೇ. ದಿನಕ್ಕೆ 2 ಜಿಬಿ ಮಿತಿಯ ಮೊಬೈಲ್ ಹಾಟ್‌ಸ್ಪಾಟ್‌ನಲ್ಲಿ 14 ಜಿಬಿಯ ಒಂದೇ ಆಟ ಇಳಿಯಲು, ಮನೆಯವರು ಯಾರೂ ಫೋನ್ ಮುಟ್ಟದಿದ್ದರೂ, ಒಂದು ವಾರ ಬೇಕು. ಆದರೆ ಕಾರ್ಡ್ ಬದಲಿಸುವುದಕ್ಕೆ ಮತ್ತೆ ಡೌನ್‌ಲೋಡ್ ಮಾಡುವ ಅಗತ್ಯವೇ ಇಲ್ಲ. ಬೀಗ ಹಾಕಿದ ಯಂತ್ರ ಅದೇ ಆಗಿರುವವರೆಗೆ, ಫೈಲುಗಳು ಯಾವ ಕಾರ್ಡಿನಲ್ಲಿದ್ದರೂ ಅದಕ್ಕೆ ಅಡ್ಡಿಯಿಲ್ಲ. ಮೊದಲು ಹೊಸ ಕಾರ್ಡನ್ನು ಸ್ವಿಚ್‌ಗೆ ಹಾಕಿ ಸ್ವಿಚ್‌ನಲ್ಲಿಯೇ ಫಾರ್ಮ್ಯಾಟ್ ಮಾಡಿ. ಆನಂತರ ಯಂತ್ರವನ್ನು ಪೂರ್ತಿ ಆಫ್ ಮಾಡಿ, ಎಂದರೆ ಪವರ್ ಬಟನ್ನನ್ನು ಮೂರು ಸೆಕೆಂಡು ಒತ್ತಿಹಿಡಿದು ಬರುವ ಆಯ್ಕೆಗಳಲ್ಲಿ ಟರ್ನ್ ಆಫ್ ಆರಿಸಿ, ಹಳೆಯ ಕಾರ್ಡನ್ನು ಕಾರ್ಡ್ ರೀಡರ್ ಮೂಲಕ ಕಂಪ್ಯೂಟರಿಗೆ ಹಾಕಿ. ಅಲ್ಲಿ ಕಾಣುವ ‘ನಿಂಟೆಂಡೊ’ ಎಂಬ ಫೋಲ್ಡರನ್ನು ಇಡಿಯಾಗಿ ಕಂಪ್ಯೂಟರಿಗೆ ನಕಲಿಸಿ, ಅಲ್ಲಿಂದ ಹೊಸ ಕಾರ್ಡಿಗೆ ನಕಲಿಸಿ. ಒಳಗಿನ ಫೈಲುಗಳ ಹೆಸರು ಬದಲಿಸುವುದು, ‘ಬೇಡದ್ದು’ ಎಂದು ಒಂದೆರಡನ್ನು ಕಿತ್ತುಹಾಕುವುದು ಮಾಡಬೇಡಿ. ಕಂಪ್ಯೂಟರಿನಲ್ಲಿರುವ ಆ ನಕಲನ್ನು ಅಳಿಸದೆ ಉಳಿಸಿಕೊಂಡರೆ, ಮುಂದೆ ಕಾರ್ಡ್ ಕೆಟ್ಟಾಗ ವಾರಗಟ್ಟಲೆ ಡೌನ್‌ಲೋಡ್ ಮಾಡುವುದು ತಪ್ಪುತ್ತದೆ.

ಇಲ್ಲಿ ನಾನೇ ಮಾಡಿದ ಒಂದು ತಪ್ಪನ್ನು ಹೇಳಬೇಕು. ಬಳ್ಳಾರಿಯಲ್ಲಿ ನಮ್ಮ ಅಕ್ಕನ ಮಗನಿಗೆ ಹೀಗೆಯೇ ಕಾರ್ಡ್ ಬದಲಿಸಿಕೊಡುವಾಗ, ಪರದೆಯ ಮೇಲಿನ ಹಸಿರು ಪಟ್ಟಿ ತುಂಬಿದ್ದನ್ನು ನೋಡಿ ಕೆಲಸ ಮುಗಿಯಿತೆಂದು ರೀಡರನ್ನು ಎಳೆದುಬಿಟ್ಟೆ. ಆರರಲ್ಲಿ ಎರಡು ಆಟಗಳು ಕೆಟ್ಟಿದ್ದವು. ಕಂಪ್ಯೂಟರ್ ಬರೆಯಬೇಕಾದದ್ದನ್ನು ಸ್ವಲ್ಪ ಹೊತ್ತು ತನ್ನ ನೆನಪಿನಲ್ಲಿ ಹಿಡಿದುಕೊಂಡಿರಬಹುದು. ‘ಇಜೆಕ್ಟ್’ ಎಂದು ಹೇಳಿದಾಗಲೇ ಅದು ಪೂರ್ತಿ ಕೈಬಿಡುತ್ತದೆ. 32 ಜಿಬಿಗಿಂತ ದೊಡ್ಡ ಕಾರ್ಡುಗಳು ಬರುವುದು ಎಕ್ಸ್‌ಫ್ಯಾಟ್ ಎಂಬ ಕ್ರಮದಲ್ಲಿ. ಹಳೆಯ ಫ್ಯಾಟ್32 ಯಾವ ಫೈಲು ಎಲ್ಲಿದೆ ಎಂಬ ಪಟ್ಟಿಯನ್ನು ಎರಡು ಪ್ರತಿ ಇಟ್ಟುಕೊಳ್ಳುತ್ತದೆ, ಎಕ್ಸ್‌ಫ್ಯಾಟ್ ಸಾಮಾನ್ಯವಾಗಿ ಒಂದನ್ನೇ ಇಟ್ಟುಕೊಳ್ಳುತ್ತದೆ. ಆದ್ದರಿಂದ ನಡುವೆ ಕಿತ್ತರೆ ಪೆಟ್ಟು ಹೆಚ್ಚು. ಆಟವೊಂದು ತೆರೆಯುವಾಗ ತಕರಾರು ಮಾಡಿದರೆ, ಅದರ ಆಯ್ಕೆಗಳಲ್ಲಿ ಸಾಫ್ಟ್‌ವೇರ್ ನಿರ್ವಹಣೆಗೆ ಹೋಗಿ ಕೆಟ್ಟ ಡೇಟಾ ಪರೀಕ್ಷೆ ಮಾಡಿಸಿ. ಕೆಟ್ಟದ್ದನ್ನು ಯಂತ್ರವೇ ಗುರುತಿಸುತ್ತದೆ.

ಹೊಸ ಕಾರ್ಡ್ ಕೊಳ್ಳುವಾಗ ನಿಮ್ಮ ಗಮನವೆಲ್ಲ ಒಂದೇ ಕಡೆ ಇರಲಿ: ಅದು ಅಸಲಿಯೇ, ನಕಲಿಯೇ? ವೇಗದ ಬಗ್ಗೆ ಜನ ತಲೆಕೆಡಿಸಿಕೊಳ್ಳುವಷ್ಟು ಅಗತ್ಯವಿಲ್ಲ. ಸ್ವಿಚ್ ಕಾರ್ಡನ್ನು ಓದುವುದು ಯುಎಚ್‌ಎಸ್-1 ಎಂಬ ವೇಗದ ಕ್ರಮದಲ್ಲಿ. ಅದರ ಗರಿಷ್ಠ ಮಿತಿಯೇ ಸೆಕೆಂಡಿಗೆ 104 ಎಂಬಿ. ನಿಂಟೆಂಡೊ ಸೂಚಿಸುವುದು 60ರಿಂದ 95 ಎಂಬಿ ಓದುವ ವೇಗದ ಕಾರ್ಡನ್ನು. ಇದಕ್ಕಿಂತ ದುಬಾರಿಯಾದ ಯುಎಚ್‌ಎಸ್-2 ಕಾರ್ಡ್ ಹಾಕಿದರೂ ಅದು ಹಳೆಯ ವೇಗದಲ್ಲಿಯೇ ನಡೆಯುತ್ತದೆ. ನಕಲಿ ಕಾರ್ಡಿನ ಮಾತು ಬೇರೆ, ಅದು ನಿಮ್ಮನ್ನು ತಿಂಗಳುಗಟ್ಟಲೆ ನಂಬಿಸಿ ಆಮೇಲೆ ಕೈಕೊಡುತ್ತದೆ.

ಅದು ಹೇಗೆಂದು ತಿಳಿದಿರುವುದು ಒಳ್ಳೆಯದು. ಉಗುರಿನಗಲದ ಆ ಕಾರ್ಡಿನೊಳಗೆ ಡೇಟಾ ಕೂರುವ ಚಿಪ್ ಒಂದಾದರೆ, ಅದನ್ನು ನಿಯಂತ್ರಿಸುವ ಪುಟ್ಟ ಚಿಪ್ ಇನ್ನೊಂದು. ‘ನನ್ನಲ್ಲಿ ಇಷ್ಟು ಜಾಗವಿದೆ’ ಎಂದು ಯಂತ್ರಕ್ಕೆ ಹೇಳುವುದು ಈ ಎರಡನೆಯದು. ಮೋಸಗಾರರು ಅದಕ್ಕೆ ಸುಳ್ಳು ಹೇಳಲು ಕಲಿಸಿರುತ್ತಾರೆ: ಒಳಗೆ ಇರುವುದು 16 ಜಿಬಿ, ಹೇಳುವುದು 256. ಸ್ವಿಚ್ ಅದನ್ನು ನಂಬುತ್ತದೆ, ಕಂಪ್ಯೂಟರೂ ನಂಬುತ್ತದೆ. ಮೊದಲ ಎರಡು ಆಟಗಳು ಸರಿಯಾಗಿಯೇ ನಡೆಯುತ್ತವೆ. 16 ಜಿಬಿ ತುಂಬಿದ ಮೇಲೆ ಬರುವುದು ಒಂದೋ ಗಾಳಿಗೆ ಹೋಗುತ್ತದೆ, ಇಲ್ಲವೇ ಮೊದಲು ಬರೆದದ್ದರ ಮೇಲೆಯೇ ಬಂದು ಕೂರುತ್ತದೆ. ಪಟ್ಟಿಯಲ್ಲಿ ಎಲ್ಲ ಆಟಗಳ ಚಿತ್ರಗಳೂ ಕಾಣುತ್ತಿರುತ್ತವೆ, ಆದರೆ ತೆರೆದರೆ ಒಳಗೆ ಏನೂ ಇಲ್ಲ. ಅಷ್ಟರಲ್ಲಿ ಅಂಗಡಿಯ ರಸೀದಿ ಕಳೆದಿರುತ್ತದೆ, ಬದಲಾಯಿಸುವ ಅವಧಿಯೂ ಮುಗಿದಿರುತ್ತದೆ.

ಆದ್ದರಿಂದ ಕೊಂಡ ದಿನವೇ ಕಾರ್ಡನ್ನು ಅಂಚಿನವರೆಗೆ ತುಂಬಿ ಪರೀಕ್ಷಿಸಬೇಕು. ವಿಂಡೋಸ್‌ನಲ್ಲಿ ಎಚ್2ಟೆಸ್ಟ್‌ಡಬ್ಲ್ಯೂ, ಲಿನಕ್ಸ್‌ನಲ್ಲಿ ಎಫ್3 ಎಂಬ ಉಚಿತ ತಂತ್ರಾಂಶಗಳು ಇದಕ್ಕೆಂದೇ ಇವೆ: ಇವು ಕಾರ್ಡನ್ನು ಪೂರ್ತಿ ಬರೆದು ಮತ್ತೆ ಓದಿ, ಬರೆದದ್ದೇ ಬಂದಿತೇ ಎಂದು ನೋಡುತ್ತವೆ. ಸೆಕೆಂಡಿಗೆ 25 ಎಂಬಿಯಂತೆ ಬರೆದರೆ 256 ಜಿಬಿಗೆ ಸುಮಾರು 2 ಗಂಟೆ 50 ನಿಮಿಷ, 80 ಎಂಬಿಯಂತೆ ಓದಿದರೆ ಇನ್ನೂ 53 ನಿಮಿಷ ಹಿಡಿಯುತ್ತದೆ. ಕರೆಂಟ್ ಹೋಗಿಬರುವ ನಮ್ಮ ಊರುಗಳಲ್ಲಿ ಈ ಕೆಲಸವನ್ನು ಬ್ಯಾಟರಿ ಚೆನ್ನಾಗಿರುವ ಲ್ಯಾಪ್‌ಟಾಪಿನಲ್ಲಿ ಮಾಡಿ. ಪರೀಕ್ಷೆ ಮುಗಿದ ಮೇಲೆಯೇ ಸ್ವಿಚ್‌ನಲ್ಲಿ ಫಾರ್ಮ್ಯಾಟ್ ಮಾಡುವುದು ಸರಿಯಾದ ಕ್ರಮ. ಅಂದಹಾಗೆ, 256 ಜಿಬಿ ಕಾರ್ಡನ್ನು ವಿಂಡೋಸ್ 238 ಜಿಬಿ ಎಂದು ತೋರಿಸಿದರೆ ಅಂಗಡಿಯವನ ಮೇಲೆ ಹರಿಹಾಯಬೇಡಿ. ತಯಾರಕರು ಒಂದು ಜಿಬಿಯನ್ನು ನೂರು ಕೋಟಿ ಬೈಟ್ ಎಂದು ಎಣಿಸಿದರೆ, ವಿಂಡೋಸ್ 1024ರ ಲೆಕ್ಕದಲ್ಲಿ ಎಣಿಸುತ್ತದೆ, ಅದು ಮೋಸವಲ್ಲ.

ಬಿಸಿಲಿನ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ಸ್ವಿಚ್ಚನ್ನು 5ರಿಂದ 35 ಡಿಗ್ರಿಯೊಳಗೆ ಬಳಸಬೇಕೆಂದು ತಯಾರಕರ ಸೂಚನೆ. ರಾಯಚೂರು, ಕೊಪ್ಪಳ, ಬಳ್ಳಾರಿಗಳಲ್ಲಿ ಏಪ್ರಿಲ್-ಮೇ ತಿಂಗಳ ಮಧ್ಯಾಹ್ನ 40 ಡಿಗ್ರಿ ದಾಟುವುದು ಹೊಸದೇನಲ್ಲ. ಆ ಹೊತ್ತಿನಲ್ಲಿ ಫ್ಯಾನಿನ ಕೆಳಗಾದರೂ ಆಡಿ, ಕಾರಿನಲ್ಲಿ ಬಿಟ್ಟುಹೋಗಬೇಡಿ. ರೈಸ್ ಮಿಲ್ಲಿನ ತೌಡಿನ ದೂಳು ಕಾರ್ಡಿನ ಗೂಡಿಗೆ ಸೇರದಂತೆ, ಹಿಂಬದಿಯ ಆಸರೆಯ ಕಾಲನ್ನು ಸದಾ ಮುಚ್ಚಿಡಿ. ಗೂಡು ಇರುವುದು ಅದರ ಹಿಂದೆಯೇ.

ಅಂಗಡಿಯವರ ಮಾತಿಗೆ ಬರೋಣ. ಯಂತ್ರದ ಬೀಗದ ವಿಷಯವನ್ನು ಮೇಲೆ ಓದಿದ ನಿಮಗೆ ಇದು ಈಗಾಗಲೇ ಹೊಳೆದಿರಬೇಕು: ಬೇರೊಬ್ಬರು ಬರಿಯ ಕಾರ್ಡಿಗೆ ತುಂಬಿದ ಆಟ, ಯಾವ ಬದಲಾವಣೆಯೂ ಆಗದ ಸ್ವಿಚ್‌ನಲ್ಲಿ ತೆರೆಯಲು ಸಾಧ್ಯವೇ ಇಲ್ಲ. ಅಂದರೆ ಅವರು ನಿಮ್ಮ ಯಂತ್ರದ ತಂತ್ರಾಂಶವನ್ನೇ ತಿದ್ದಬೇಕಾಗುತ್ತದೆ. ಹಾಗೆ ತಿದ್ದಿದ್ದು ಪತ್ತೆಯಾದರೆ ನಿಂಟೆಂಡೊ ಆ ಯಂತ್ರವನ್ನು ಆನ್‌ಲೈನ್ ಸೇವೆಯಿಂದ ಹೊರಗಿಡುತ್ತದೆ. ಆಗ ನೀವು ದುಡ್ಡು ಕೊಟ್ಟು ಕೊಂಡ ಆರು ಆಟಗಳನ್ನು ಆ ಯಂತ್ರಕ್ಕೆ ಮತ್ತೆ ಇಳಿಸಿಕೊಳ್ಳುವುದೂ ಕಷ್ಟವಾಗಬಹುದು. ಕಾನೂನಿನ ಮಾತೂ ಇದೆ. 1957ರ ಕೃತಿಸ್ವಾಮ್ಯ ಕಾಯ್ದೆಯ 63ನೆಯ ಕಲಮಿನಂತೆ ಉಲ್ಲಂಘನೆಗೆ ಆರು ತಿಂಗಳಿಂದ ಮೂರು ವರ್ಷದವರೆಗೆ ಸೆರೆವಾಸ, 50 ಸಾವಿರದಿಂದ 2 ಲಕ್ಷ ರೂಪಾಯಿ ದಂಡ ಇದೆ. ಅನಧಿಕೃತ ಪ್ರತಿ ಎಂದು ತಿಳಿದೂ ಕಂಪ್ಯೂಟರ್ ತಂತ್ರಾಂಶವನ್ನು ಬಳಸುವವರಿಗೆ 63ಬಿ ಎಂಬ ಪ್ರತ್ಯೇಕ ಕಲಮೇ ಇದೆ. ಕಡಿಮೆ ಖರ್ಚಿನಲ್ಲಿ ಹೆಚ್ಚು ಆಟ ಬೇಕೆಂದರೆ ಪ್ಲಾಸ್ಟಿಕ್ ಕಾರ್ಟ್ರಿಡ್ಜ್‌ನಲ್ಲಿ ಬರುವ ಆಟಗಳನ್ನು ಕೊಳ್ಳಿ. ಅವನ್ನು ಸಿಂಧನೂರಿಗೆ ಒಯ್ದು ಯಾರ ಸ್ವಿಚ್‌ಗೆ ಹಾಕಿದರೂ ಆಡುತ್ತವೆ, ಆಡಿ ಮುಗಿದ ಮೇಲೆ ಮಾರಿಬಿಡಬಹುದು. ಅವುಗಳ ಅಪ್‌ಡೇಟ್‌ಗಳು ಮಾತ್ರ ಮೆಮೊರಿಯಲ್ಲಿ ಜಾಗ ತಿನ್ನುತ್ತವೆ.

ಜಾಗ ಉಳಿಸಲು 256 ಜಿಬಿಯೂ ಬೇಕೇ ಎಂದು ಒಮ್ಮೆ ಯೋಚಿಸಿ. ಆಡಿ ಮುಗಿಸಿದ ಆಟವನ್ನು ‘ಡಿಲೀಟ್’ ಮಾಡುವ ಬದಲು ‘ಆರ್ಕೈವ್’ ಮಾಡಿದರೆ ದೊಡ್ಡ ಫೈಲು ಮಾತ್ರ ಹೋಗಿ, ಪಟ್ಟಿಯಲ್ಲಿ ಚಿತ್ರವೂ ಒಳಗೆ ಸೇವೂ ಉಳಿಯುತ್ತವೆ. ಮುಂದೆ ಸ್ವಿಚ್ 2 ಕೊಳ್ಳುವ ಇರಾದೆ ಇದ್ದರಂತೂ ಈಗ ದುಬಾರಿ ಕಾರ್ಡಿಗೆ ಹಣ ಹಾಕಬೇಡಿ. 2025ರ ಜೂನ್‌ನಲ್ಲಿ ಬಂದ ಆ ಯಂತ್ರ ಆಟಗಳಿಗೆ ಮೈಕ್ರೊಎಸ್‌ಡಿ ಎಕ್ಸ್‌ಪ್ರೆಸ್ ಎಂಬ ಹೊಸ ಬಗೆಯ ಕಾರ್ಡನ್ನು ಮಾತ್ರ ಒಪ್ಪುತ್ತದೆ. ಹಳೆಯ ಕಾರ್ಡಿನಿಂದ ಚಿತ್ರ, ವಿಡಿಯೊಗಳನ್ನಷ್ಟೇ ನಕಲಿಸಿಕೊಳ್ಳುತ್ತದೆ.

ಇಷ್ಟಾಗಿಯೂ ಈಗಲೇ ಬದಲಿಸುವಿರಾದರೆ, ಹೊಸ ಕಾರ್ಡಿನಲ್ಲಿ ಆರೂ ಆಟಗಳನ್ನು ಒಂದೊಂದಾಗಿ ತೆರೆದು, ಹತ್ತು ನಿಮಿಷ ಆಡಿ ನೋಡಿ. ಹಳೆಯ 128 ಜಿಬಿ ಕಾರ್ಡನ್ನು ಆ ಮೇಲೂ ಒಂದು ತಿಂಗಳು ಅಳಿಸದೆ ಅದರ ಪ್ಲಾಸ್ಟಿಕ್ ಡಬ್ಬಿಯಲ್ಲಿಡಿ. ಆದರೆ ಇವತ್ತು ಅದು, ನಾಳೆ ಇದು ಎಂದು ಎರಡನ್ನೂ ಬದಲಿಸಿ ಬದಲಿಸಿ ಬಳಸಬೇಡಿ. ಎರಡರಲ್ಲಿ ಬೇರೆ ಬೇರೆ ಆಟಗಳು ಸೇರಿಕೊಂಡರೆ ಅವನ್ನು ಆಮೇಲೆ ಒಂದೇ ಕಾರ್ಡಿಗೆ ಬೆರೆಸಲು ಬರುವುದಿಲ್ಲ.